ಮಾರ್ಗನ್ ಹಡಗು ಮತ್ತು ಅಜ್ಜನ ಮಂಜಿ

ನಾನು ಗಂಗೊಳ್ಳಿ ಕಡೆಯವನು. ಈಗ ಇರುವುದು ಅಮೆರಿಕದ ಕನೆಕ್ಟಿಕಟ್‌ನಲ್ಲಿ. ಊರಿಂದ ಯಾರು ಬಂದರೂ ಮಿಸ್ಟಿಕ್‌ಗೆ ಕರೆದುಕೊಂಡು ಹೋಗಿ 'ಚಾರ್ಲ್ಸ್ ಡಬ್ಲ್ಯೂ. ಮಾರ್ಗನ್' ಹಡಗು ತೋರಿಸುತ್ತೇನೆ. 1841ರಲ್ಲಿ ನ್ಯೂ ಬೆಡ್‌ಫರ್ಡ್‌ನಲ್ಲಿ ಕಟ್ಟಿದ್ದು. ತಿಮಿಂಗಿಲ ಬೇಟೆಗೆ ಹೋಗುತ್ತಿದ್ದ ಅಮೆರಿಕದ ಮರದ ಹಡಗುಗಳಲ್ಲಿ ಈಗ ಉಳಿದಿರುವುದು ಇದೊಂದೇ.

80 ವರ್ಷದಲ್ಲಿ 37 ಸಲ ಬೇಟೆಗೆ ಹೋಗಿ ಬಂದಿದೆ. ಹೊರಟರೆ ವರ್ಷಗಟ್ಟಲೆ ಮನೆ ಮುಖ ನೋಡುವಂತಿಲ್ಲ. ಡೆಕ್ ಮೇಲೆ ಇಟ್ಟಿಗೆ ಒಲೆ ಇದೆ. ತಿಮಿಂಗಿಲದ ಕೊಬ್ಬನ್ನು ನಡು ಸಮುದ್ರದಲ್ಲೇ ಕಾಯಿಸಿ ದೀಪಕ್ಕೆ, ಯಂತ್ರಕ್ಕೆ ಎಣ್ಣೆ ತೆಗೆಯುತ್ತಿದ್ದರು. ಆ ಒಲೆ ಮುಂದೆ ನಿಂತರೆ ನನಗೆ ಸಂಕಟವೇ ಆಗುತ್ತದೆ.

2008ರಲ್ಲಿ ಹಡಗನ್ನು ನೀರಿನಿಂದ ಮೇಲೆತ್ತಿ ರಿಪೇರಿಗೆ ಕೂತರು. ಸುಮಾರು ಐದು ವರ್ಷ ಹಿಡಿಯಿತು. ಇದಕ್ಕೆ ಲೈವ್ ಓಕ್ ಎಂಬ ಗಟ್ಟಿ ಮರವೇ ಬೇಕು. ಕತ್ರಿನಾ ಚಂಡಮಾರುತಕ್ಕೆ ಉರುಳಿದ ಮರಗಳನ್ನು ದಕ್ಷಿಣದಿಂದ ತಂದರು. ಬಾಸ್ಟನ್‌ನಲ್ಲಿ ಆಸ್ಪತ್ರೆ ಕಟ್ಟಲು ನೆಲ ಅಗೆದಾಗ ನೌಕಾಪಡೆಯ ಹಳೇ ಮರದ ದಿಮ್ಮಿಗಳು ಸಿಕ್ಕವು. ಅವೂ ಇಲ್ಲಿಗೇ ಬಂದವು. ಹಲಗೆಗಳನ್ನು ಹಬೆಯಲ್ಲಿಟ್ಟು, ಬಿಸಿ ಆರುವ ಮೊದಲೇ ಬಗ್ಗಿಸಿ ಕೂರಿಸಿದರು. ಜನ ಹತ್ತಿರ ನಿಂತು ನೋಡಬಹುದಿತ್ತು. ನನಗೆ ಜಾಸ್ತಿ ಹಿಡಿಸಿದ್ದು ಅದೇ.

2013ರ ಜುಲೈ 21ಕ್ಕೆ ಹಡಗು ಮತ್ತೆ ನೀರಿಗಿಳಿಯಿತು. 172 ವರ್ಷದ ಹಿಂದೆ ಮೊದಲು ಇಳಿದದ್ದೂ ಅದೇ ದಿನ. 2014ರಲ್ಲಿ 38ನೇ ಸಲ ಹಾಯಿ ಬಿಚ್ಚಿ ಹೊರಟಿತು. ಮ್ಯಾಸಚೂಸೆಟ್ಸ್ ಕಡಲಿನಲ್ಲಿ ತಿಮಿಂಗಿಲಗಳು ಪಕ್ಕಕ್ಕೇ ಬಂದವು. ಈ ಸಲ ಯಾರ ಕೈಯಲ್ಲೂ ಈಟಿ ಇರಲಿಲ್ಲ.

ಹಡಗಿನ ಅಡಿಮರ ಹಳೆಯದೇ, ಮೇಲಿನ ಮರ ಬಹುಪಾಲು ಹೊಸತು. ಹಾಗಾದರೆ ಇದು ಹಳೇ ಹಡಗು ಹೇಗೆ ಅಂತ ಊರಿಂದ ಬಂದವರು ಕೇಳುತ್ತಾರೆ. ನಮ್ಮೂರ ತೇರಿನ ಚಕ್ರ ಎಷ್ಟು ಸಲ ಬದಲಾಗಿದೆ? ಆದರೂ ಅದು ಅದೇ ತೇರು ಅಲ್ವಾ? ಮರ ಸವೆದರೆ ಹೊಸತು ಹಾಕಿ ಮತ್ತೆ ಎಳೆಯುವ ರೂಢಿ ನಮ್ಮದೂ ಹೌದು. ತೇರಿಗೆ ಮಾಡಿದ್ದನ್ನು ಮಂಜಿಗೆ, ಅಂದರೆ ಸರಕು ಸಾಗಿಸುತ್ತಿದ್ದ ನಮ್ಮ ಕರಾವಳಿಯ ಮರದ ಹಾಯಿಹಡಗಿಗೆ, ಯಾಕೆ ಮಾಡಲಿಲ್ಲ?

ನನ್ನ ಅಜ್ಜ ಮಂಜಿಯಲ್ಲಿ ಹೆಂಚು ಸಾಗಿಸಿದವರು. ಮಳೆಗಾಲಕ್ಕೆ ಮುಂಚೆ ಅದಕ್ಕೆ ಮೀನೆಣ್ಣೆ ಬಳಿಯುತ್ತಿದ್ದರಂತೆ. ಕೊನೆಗೆ ಆ ಮಂಜಿ ಸೌದೆಯಾಯಿತು. ಅದರ ಒಂದು ಹಲಗೆ ನಮ್ಮ ಕೊಟ್ಟಿಗೆಯ ಬಾಗಿಲಾಗಿ ಉಳಿದಿದೆ, ಅಷ್ಟೇ.

ಮಂಜಿ ಕಟ್ಟಿ ಗೊತ್ತಿರುವ ಆಚಾರ್ರು ಒಬ್ಬರು ಊರಲ್ಲಿ ಇನ್ನೂ ಇದ್ದಾರೆ. ಈ ಸಲ ರಜೆಯಲ್ಲಿ ಅವರ ಜಗಲಿಯಲ್ಲಿ ಕೂತು, ಯಾವ ಭಾಗಕ್ಕೆ ಯಾವ ಮರ ಅಂತ ಕೇಳಿ ಬರೆದುಕೊಳ್ಳುತ್ತೇನೆ.