ಬಿ. ಜಯಶ್ರೀಯವರ ದನಿಯನ್ನು ಯಾವ ಅಳತೆಯಿಂದ ಅಳೆಯಬೇಕು?

ರಂಗನಟಿ, ಗಾಯಕಿ ಬಿ. ಜಯಶ್ರೀ ಎಂದೊಡನೆ ಬಹಳ ಜನ ಎರಡು ಮಾತು ಹೇಳುತ್ತಾರೆ: ಗುಬ್ಬಿ ವೀರಣ್ಣನವರ ಮೊಮ್ಮಗಳು, ‘ಕಾರ್ ಕಾರ್’ ಹಾಡಿದವರು. ಎರಡೂ ನಿಜವೇ. ಮೊದಲನೆಯದು ಹುಟ್ಟಿನಿಂದ ಬಂದದ್ದು, ಎರಡನೆಯದು 2001ರ ಒಂದು ಸಿನಿಮಾ ಗೀತೆ. ಇವೆರಡರ ಸಂದಿಯಲ್ಲಿ ಅವರ ದಶಕಗಳ ರಂಗದುಡಿಮೆ ಕಾಣೆಯಾಗುತ್ತಿದೆ ಎಂಬ ಸಂಕಟದಿಂದಲೇ ಇದನ್ನು ಬರೆಯುತ್ತಿದ್ದೇನೆ. ಕನ್ನಡದ ಸಂಗೀತ ನಾಟಕ ಪರಂಪರೆಯಲ್ಲಿ ನಟಿ ಮತ್ತು ಗಾಯಕಿ ಎಂಬ ಎರಡು ಕಸುಬುಗಳು ಒಂದೇ ದೇಹದಲ್ಲಿ ಹೇಗೆ ಬೆಸೆದುಕೊಳ್ಳುತ್ತವೆ ಎಂದು ತಿಳಿಯಬೇಕಾದರೆ, ನನ್ನ ಮಟ್ಟಿಗೆ, ಇಂದು ಅವರಿಗಿಂತ ದೊಡ್ಡ ಪಾಠವಿಲ್ಲ.

1884ರಲ್ಲಿ ಆರಂಭವಾಗಿ, ಮುಂದೆ ವೀರಣ್ಣನವರು ನಡೆಸಿದ ಗುಬ್ಬಿ ಕಂಪನಿ ಒಂದು ನಾಟಕ ತಂಡವಷ್ಟೇ ಆಗಿರಲಿಲ್ಲ, ಚಲಿಸುವ ಒಂದು ಊರೇ ಆಗಿತ್ತು. ರಾಜ್‌ಕುಮಾರ್, ನರಸಿಂಹರಾಜು, ಬಾಲಕೃಷ್ಣ, ಜಿ. ವಿ. ಅಯ್ಯರ್ ಎಲ್ಲರೂ ಅಲ್ಲಿ ಪಳಗಿದವರು. 1950ರಲ್ಲಿ ಹುಟ್ಟಿದ ಜಯಶ್ರೀ, ತಾಯಿ ಜಿ. ವಿ. ಮಾಲತಮ್ಮನವರ ಜೊತೆಯಲ್ಲಿ ಎಳವೆಯಲ್ಲೇ ಆ ಪರದೆಗಳ ನಡುವೆ ಬೆಳೆದರು. ಧ್ವನಿವರ್ಧಕ ಇನ್ನೂ ಬಾರದಿದ್ದ ಕಾಲದಲ್ಲಿ ರೂಪುಗೊಂಡ ಕಂಪನಿಯ ಹಾಡುಗಾರಿಕೆಗೆ ತನ್ನದೇ ಕಟ್ಟುಪಾಡುಗಳಿದ್ದವು. ಕಾಲುಹಾರ್ಮೋನಿಯಂ ಮತ್ತು ತಬಲಾದ ಸದ್ದನ್ನು ದಾಟಿ ಕೊನೆಯ ಸಾಲಿನಲ್ಲಿ ನೆಲದ ಮೇಲೆ ಕೂತವನಿಗೂ ಪ್ರತಿ ಅಕ್ಷರ ಬಿಡಿಬಿಡಿಯಾಗಿ ಕೇಳಬೇಕು. ರಾಗ ಎಷ್ಟೇ ಬೆಳೆದರೂ ಸಾಹಿತ್ಯ ಮುರಿಯಬಾರದು. ಉಸಿರು ತೆಗೆದುಕೊಳ್ಳುವುದು ಸಹ ಪಾತ್ರದ ಉಸಿರಾಗಿಯೇ ಕಾಣಬೇಕು. ಜಯಶ್ರೀಯವರ ಉಚ್ಚಾರಣೆಯನ್ನು ಗಮನವಿಟ್ಟು ಕೇಳಿದವರಿಗೆ ಈ ಕಟ್ಟುಪಾಡಿನ ಗುರುತು ಇಂದಿಗೂ ಸಿಗುತ್ತದೆ. ಒತ್ತಕ್ಷರ, ಮಹಾಪ್ರಾಣ ಯಾವುದೂ ಅವರ ಬಾಯಲ್ಲಿ ತೇಲಿಹೋಗುವುದಿಲ್ಲ.

ಆದರೆ ಕಂಪನಿ ನಾಟಕದ ಹಾಡಿಗೆ ಒಂದು ದೊಡ್ಡ ದೋಷವೂ ಇತ್ತೆಂಬುದನ್ನು ಒಪ್ಪಲೇಬೇಕು. ‘ಒನ್ಸ್‌ಮೋರ್’ ಕೂಗು ಬಂದರೆ ಕಥೆ ಅಲ್ಲಿಗೇ ನಿಂತುಬಿಡುತ್ತಿತ್ತು. ರಂಗದ ಮೇಲೆ ಸತ್ತು ಬಿದ್ದಿದ್ದ ಪಾತ್ರವೂ ಎದ್ದು ಮತ್ತೊಮ್ಮೆ ಹಾಡಿದ ಸಂಗತಿಗಳನ್ನು ಹಳಬರು ಹೇಳುತ್ತಾರೆ. ಹಾಡು ನಾಟಕವನ್ನೇ ನುಂಗುತ್ತಿತ್ತು. ಹಾಡನ್ನು ಮರಳಿ ನಾಟಕದೊಳಕ್ಕೆ ತಂದವರಲ್ಲಿ ಮುಖ್ಯರು ರಂಗನಿರ್ದೇಶಕ ಬಿ. ವಿ. ಕಾರಂತರು, ಅವರೂ ಬಾಲ್ಯದಲ್ಲಿ ಗುಬ್ಬಿ ಕಂಪನಿ ಸೇರಿದವರೇ ಎಂಬುದನ್ನು ಮರೆಯಬಾರದು. ಜಯಶ್ರೀಯವರದು ಅದೇ ದಾರಿಯ ಇನ್ನೊಂದು ನಡೆ. ಕಂಪನಿಯ ಮಡಿಲಲ್ಲಿ ಬೆಳೆದ ಹುಡುಗಿ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಗೆ ಹೋಗಿ, ಇಬ್ರಾಹಿಂ ಅಲ್ಕಾಜಿಯವರು ಅದರ ನಿರ್ದೇಶಕರಾಗಿದ್ದ ಕಾಲದಲ್ಲಿ ಕಲಿತು, 1973ರಲ್ಲಿ ಪದವಿ ಪಡೆದು ಕನ್ನಡ ರಂಗಭೂಮಿಗೆ ಮರಳಿದರು. ಆಧುನಿಕ ಶಿಸ್ತು ಕಲಿತ ಎಷ್ಟೋ ಮಂದಿ ಕಂಪನಿ ನಾಟಕವನ್ನು ಹಳತೆಂದು ಕಡೆಗಣಿಸುತ್ತಿದ್ದ ಹೊತ್ತಿನಲ್ಲಿ ಇವರು ಎರಡನ್ನೂ ಬಿಡಲಿಲ್ಲ. ನನಗೆ ಅವರ ಬದುಕಿನ ಅತ್ಯಂತ ಧೈರ್ಯದ ತೀರ್ಮಾನ ಇದೇ ಎನಿಸುತ್ತದೆ.

1976ರಲ್ಲಿ ಅವರು ಕಟ್ಟಿದ ‘ಸ್ಪಂದನ’ ತಂಡದಲ್ಲಿ ಈ ತೀರ್ಮಾನ ಫಲ ಕೊಟ್ಟಿತು. ‘ಲಕ್ಷಾಪತಿ ರಾಜನ ಕಥೆ’ಯಾಗಲಿ, ಚಂದ್ರಶೇಖರ ಕಂಬಾರರ ಕಾದಂಬರಿಯನ್ನು ಆಧರಿಸಿದ ‘ಕರಿಮಾಯಿ’ಯಾಗಲಿ, ಅಲ್ಲಿ ಹಾಡನ್ನು ತೆಗೆದುಬಿಟ್ಟರೆ ನಾಟಕ ನಿಲ್ಲುವುದಿಲ್ಲ. ಜನಪದ ಮಟ್ಟು, ಕುಣಿತ, ಮಾತು ಮೂರೂ ಒಂದೇ ಹುರಿಯ ಎಳೆಗಳಾಗಿ ಬರುತ್ತವೆ. ಮಾತಿನಿಂದ ಹಾಡಿಗೆ ದಾಟುವ ಜಾಗದಲ್ಲಿ ಜಯಶ್ರೀಯವರು ಏನು ಮಾಡುತ್ತಾರೆಂದು ನೋಡಬೇಕು: ಶ್ರುತಿಗಾಗಿ ಕಾದು ನಿಲ್ಲುವುದಿಲ್ಲ, ಮಾತಿನ ಕೊನೆಯ ಪದವೇ ಮೆಲ್ಲಗೆ ಸ್ವರವಾಗುತ್ತದೆ, ನೋಡುವವನಿಗೆ ಗಡಿ ದಾಟಿದ್ದು ತಿಳಿಯುವುದೇ ಇಲ್ಲ.

ಶಾಸ್ತ್ರೀಯ ಸಂಗೀತ ಬಲ್ಲ ಕೆಲವು ಸ್ನೇಹಿತರು ಅವರ ಹಾಡಿನಲ್ಲಿ ನಯವಿಲ್ಲ, ಗಂಟಲು ಒರಟು ಎನ್ನುವುದನ್ನು ಕೇಳಿದ್ದೇನೆ. ಈ ಮಾತನ್ನು ನಾನು ಒಪ್ಪುವುದಿಲ್ಲ. ಕಛೇರಿಯಲ್ಲಿ ರಾಗ ದೊಡ್ಡದು, ಗಾಯಕರು ಅದರ ಸೇವಕರು. ರಂಗದ ಮೇಲೆ ಪಾತ್ರ ದೊಡ್ಡದು, ರಾಗವೇ ಅದರ ಸೇವಕ. ಸಿಟ್ಟಿನಲ್ಲಿ ಹಾಡುವ ಹೆಂಗಸಿನ ದನಿ ಸಿಟ್ಟಿನಲ್ಲಿ ಒಡೆಯಬೇಕು, ಆಗಲೂ ಶ್ರುತಿ ಬಿಡಬಾರದು. ಅದು ಎಷ್ಟು ಕಷ್ಟವೆಂದು ಒಮ್ಮೆ ಪ್ರಯತ್ನಿಸಿದವರಿಗಷ್ಟೇ ಗೊತ್ತು. ಅವರ ಆ ಗಟ್ಟಿ, ಮಣ್ಣಿನ ವಾಸನೆಯ ದನಿಯಲ್ಲಿ ನಗು, ಗದರಿಕೆ, ಅಳು ಒಂದರ ಬೆನ್ನಿಗೊಂದು ಬರುವುದನ್ನು ಕೇಳುವಾಗ ನನಗೆ ನಯದ ಕೊರತೆ ಕಾಣಿಸಿದ್ದೇ ಇಲ್ಲ.

ಚಲನಚಿತ್ರಗಳಲ್ಲಿ ಅವರು ನಟಿಸಿದ್ದಲ್ಲದೆ ಬೇರೆ ನಟಿಯರಿಗೆ ಕಂಠದಾನವನ್ನೂ ಮಾಡಿದ್ದಾರೆ. 1996ರಲ್ಲಿ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ, ನಂತರ ಮೈಸೂರಿನ ನಾಟಕ ಸಂಸ್ಥೆ ರಂಗಾಯಣದ ನಿರ್ದೇಶಕತ್ವ, 2010ರಲ್ಲಿ ರಾಜ್ಯಸಭೆಗೆ ನಾಮನಿರ್ದೇಶನ, 2013ರಲ್ಲಿ ಪದ್ಮಶ್ರೀ. ಗೌರವಗಳಿಗೆ ಕೊರತೆಯಾಗಲಿಲ್ಲ. ರಂಗಾಯಣವನ್ನು ಕಟ್ಟಿದ ಕಾರಂತರೂ ಅದರ ನಿರ್ದೇಶಕರಾದ ಜಯಶ್ರೀಯವರೂ ಒಂದೇ ಕಂಪನಿಯ ಗರಡಿಯಿಂದ ಬಂದವರು ಎಂಬುದು ನನಗೆ ಪ್ರಶಸ್ತಿಗಳಿಗಿಂತ ಹೆಚ್ಚು ಸಂತೋಷ ಕೊಡುವ ಸಂಗತಿ.

ನನ್ನ ಕಳವಳ ಬೇರೆ ಇದೆ. ಇಂದು ಅನೇಕ ಹವ್ಯಾಸಿ ತಂಡಗಳು ಧ್ವನಿಮುದ್ರಿತ ಸಂಗೀತ ಹಾಕಿ, ನಟರ ಕೊರಳಪಟ್ಟಿಗೆ ಮೈಕು ಸಿಕ್ಕಿಸಿ ನಾಟಕವಾಡುತ್ತವೆ; ನಟನ ಉಸಿರು ನಿಧಾನವಾದರೂ ಮುದ್ರಿಕೆ ಅವನಿಗಾಗಿ ಕಾಯುವುದಿಲ್ಲ. ಇನ್ನೊಂದೆಡೆ ರಂಗಗೀತೆಗಳ ಕಾರ್ಯಕ್ರಮಗಳು ಹೆಚ್ಚುತ್ತಿವೆಯಾದರೂ, ಅಲ್ಲಿ ಹಾಡುಗಳು ಸಂದರ್ಭ ಕಳೆದುಕೊಂಡು ಭಾವಗೀತೆಗಳಂತೆ ಸಾಲಾಗಿ ಬಂದುಹೋಗುತ್ತವೆ. ಯಾವ ಪಾತ್ರ, ಯಾವ ಮಾತಿನ ಬೆನ್ನಿಗೆ, ರಂಗದ ಯಾವ ಮೂಲೆಯಿಂದ ಈ ಹಾಡನ್ನು ಎತ್ತಿಕೊಳ್ಳುತ್ತಿತ್ತು ಎಂಬುದು ಪುಸ್ತಕದ ಸ್ವರಲಿಪಿಯಲ್ಲಿ ಸಿಗುವುದಿಲ್ಲ. ಜಯಶ್ರೀಯವರಂಥವರ ಎದುರು ಎಳೆಯ ನಟನಟಿಯರನ್ನು ಕೂರಿಸಿ, ಹಾಡಿನ ಜೊತೆಗೆ ಅದರ ಹಿಂದುಮುಂದಿನ ಮಾತನ್ನೂ ನಡೆಯನ್ನೂ ಕಲಿಸಿ, ಅಷ್ಟನ್ನೂ ದೃಶ್ಯಮುದ್ರಣ ಮಾಡಿಡುವ ಕೆಲಸವನ್ನು ನಮ್ಮ ಅಕಾಡೆಮಿಗಳೋ ವಿಶ್ವವಿದ್ಯಾಲಯಗಳೋ ತಡಮಾಡದೆ ಕೈಗೆತ್ತಿಕೊಳ್ಳಬೇಕು. ಅವರು ಎದುರಿಗೇ ನಿಂತು ‘ಇಲ್ಲಿ ಉಸಿರು ಹಿಡಿ, ಇಲ್ಲಿ ಬಿಡು’ ಎಂದು ತಿದ್ದಬಲ್ಲ ಈ ದಿನಗಳಲ್ಲೇ.