ಎರಡನೇ ಡಿವಿಷನ್‌ನ ಮುಸ್ತಫಾ ಹಾಜಿ

ಮೊರಾಕ್ಕೊದ ಮಿಡ್‌ಫೀಲ್ಡರ್ ಮುಸ್ತಫಾ ಹಾಜಿ ಅವರು ಆಡುತ್ತಿದ್ದ ತಂಡಗಳು ಕೆಳಗಿನ ಡಿವಿಷನ್‌ಗೆ ಇಳಿದದ್ದು ಒಟ್ಟು ನಾಲ್ಕು ಸಲ. 1992ರಲ್ಲಿ ಫ್ರಾನ್ಸಿನ ನಾನ್ಸಿ, 2001ರಲ್ಲಿ ಇಂಗ್ಲೆಂಡಿನ ಕವೆಂಟ್ರಿ, 2006 ಮತ್ತು 2007ರಲ್ಲಿ ಬೆನ್ನುಬೆನ್ನಿಗೆ ಜರ್ಮನಿಯ ಸಾರ್‌ಬ್ರುಕನ್. ಇವುಗಳ ನಡುವೆ, 1998ರಲ್ಲಿ, ಅವರು ಆಫ್ರಿಕಾದ ವರ್ಷದ ಆಟಗಾರ ಪ್ರಶಸ್ತಿಯನ್ನೂ ಪಡೆದರು. ಅವರ ಬಗ್ಗೆ ಬರೆಯುವವರೆಲ್ಲ ಈ ಪ್ರಶಸ್ತಿಯಿಂದ ಶುರುಮಾಡುತ್ತಾರೆ. ಬಹಳ ಹಿಂದಕ್ಕೆ ಹೋದರೆ, 1996ರಲ್ಲಿ ಪೋರ್ಚುಗಲ್‌ನ ಸ್ಪೋರ್ಟಿಂಗ್ ಕ್ಲಬ್ ಸೇರಿದ್ದರಿಂದ. ಅದಕ್ಕೆ ಮುಂಚೆ ನಾನ್ಸಿಯಲ್ಲಿ ಕಳೆದ ಐದು ವರ್ಷಗಳಿಗೆ ಸಿಗುವುದು ಒಂದೇ ಸಾಲು, ಅದೂ ‘ಎರಡನೇ ಡಿವಿಷನ್‌ನಲ್ಲಿ ಅಜ್ಞಾತವಾಗಿದ್ದರು’ ಎಂಬ ಅನುಕಂಪದ ಸಾಲು. ನನ್ನ ತಕರಾರು ಇರುವುದು ಆ ಸಾಲಿನ ಬಗ್ಗೆ. ಹಾಜಿ ಅವರ ಆಟದಲ್ಲಿ ನಾವು ಮೆಚ್ಚುವುದೆಲ್ಲ ರೂಪುಗೊಂಡದ್ದು ಆ ಐದು ವರ್ಷಗಳಲ್ಲಿ ಎಂದು ನಾನು ನಂಬಿದ್ದೇನೆ.

ಅವರು ಹುಟ್ಟಿದ್ದು 1971ರ ನವೆಂಬರ್ 16ರಂದು, ದಕ್ಷಿಣ ಮೊರಾಕ್ಕೊದ ಇಫ್ರಾನ್ ಅಟ್ಲಾಸ್ ಸಗೀರ್ ಎಂಬ ಊರಿನಲ್ಲಿ. ಕಿರಿಯ ಅಟ್ಲಾಸ್ ಬೆಟ್ಟಗಳ ಬುಡದ, ಬರ್ಬರ್ ಜನರ ಸೀಮೆ ಅದು. ಹತ್ತು ವರ್ಷದ ಹುಡುಗನಾಗಿದ್ದಾಗ ಮನೆಯವರೊಂದಿಗೆ ಫ್ರಾನ್ಸಿಗೆ ಬಂದು ನೆಲೆಸಿದ ಊರು ಕ್ರೊಯ್ಟ್ಸ್‌ವಾಲ್ಡ್. ಲೊರೇನ್ ಪ್ರಾಂತ್ಯದಲ್ಲಿ, ಜರ್ಮನಿಯ ಗಡಿಗೆ ಅಂಟಿಕೊಂಡಂತೆ ಇರುವ ಕಲ್ಲಿದ್ದಲಿನ ಊರು. ಎರಡು ಊರುಗಳ ನಡುವಿನ ಅಂತರವನ್ನು ಮೈಲಿಗಳಲ್ಲಿ ಹೇಳಿದರೆ ಸಾಲದು. ಒಂದು ಕಡೆ ಖರ್ಜೂರದ ಮರ, ಒಣ ಬಿಸಿಲು. ಇನ್ನೊಂದು ಕಡೆ ಚಳಿಗಾಲದ ಮಂಜು, ಗಣಿಯ ಪಾಳಿ ಮುಗಿಸಿ ಮನೆಗೆ ಹೊರಟ ಗಂಡಸರು. 1960 ಮತ್ತು 70ರ ದಶಕಗಳಲ್ಲಿ ಫ್ರಾನ್ಸಿನ ಗಣಿಗಳು ಮೊರಾಕ್ಕೊದ ದಕ್ಷಿಣ ಹಳ್ಳಿಗಳಿಂದ ಹತ್ತಾರು ಸಾವಿರ ಯುವಕರನ್ನು ಕರೆತಂದವು. ಉತ್ತರ ಫ್ರಾನ್ಸಿನ ಗಣಿಗಳಿಗಾಗಿ ಹಳ್ಳಿ ಹಳ್ಳಿ ತಿರುಗಿದ ಫೆಲಿಕ್ಸ್ ಮೋರಾ ಎಂಬ ಅಧಿಕಾರಿ, ಸಾಲಾಗಿ ನಿಲ್ಲಿಸಿದ ಯುವಕರ ಮೈಕಟ್ಟನ್ನು ಪರೀಕ್ಷಿಸಿ, ಒಪ್ಪಿಗೆಯಾದವರ ಎದೆಯ ಮೇಲೆ ಹಸಿರು ಮುದ್ರೆ, ಬೇಡವಾದವರ ಎದೆಯ ಮೇಲೆ ಕೆಂಪು ಮುದ್ರೆ ಒತ್ತುತ್ತಿದ್ದರು ಎಂಬುದನ್ನು ಆ ತಲೆಮಾರಿನ ಕಾರ್ಮಿಕರು ಇಂದಿಗೂ ಮರೆತಿಲ್ಲ. ಜಾತ್ರೆಯಲ್ಲಿ ಎತ್ತು ಕೊಳ್ಳುವವನೂ ಹಲ್ಲು ನೋಡಿ ಬಿಡುತ್ತಾನೆ, ಮುದ್ರೆ ಒತ್ತುವುದಿಲ್ಲ. ಲೊರೇನ್‌ನ ಗಣಿಗಳಲ್ಲಿಯೂ ಮೊರಾಕ್ಕೊದವರು ದೊಡ್ಡ ಸಂಖ್ಯೆಯಲ್ಲಿ ದುಡಿದರು. ಆ ಊರುಗಳಲ್ಲಿ ಶಾಲೆಯ ಅಂಗಳದಲ್ಲಿ ಇಟಲಿ, ಪೋಲೆಂಡ್, ಅಲ್ಜೀರಿಯ, ಮೊರಾಕ್ಕೊ ಎಲ್ಲ ಕಡೆಯ ಮಕ್ಕಳು ಒಟ್ಟಿಗೆ ಬೆಳೆದರು. ಫುಟ್‌ಬಾಲ್ ಅವರೆಲ್ಲರಿಗೂ ಗೊತ್ತಿದ್ದ ಭಾಷೆಯಾಗಿತ್ತು.

ಆ ಸೀಮೆಯ ಹುಡುಗರ ಕಣ್ಣು ಸಹಜವಾಗಿಯೇ ನಾನ್ಸಿಯ ಕ್ಲಬ್ಬಿನ ಮೇಲಿರುತ್ತಿತ್ತು. 1967ರಲ್ಲಿ ಸ್ಥಾಪನೆಯಾದ ಆ ಕ್ಲಬ್ ಲೊರೇನ್‌ನವರೇ ಆದ ಮಿಶೆಲ್ ಪ್ಲಾಟಿನಿ ಅವರನ್ನು ಬೆಳೆಸಿತು. 1978ರಲ್ಲಿ ಫ್ರೆಂಚ್ ಕಪ್ ಗೆದ್ದದ್ದು ಅವರ ಗೋಲಿನಿಂದ. ಹಾಜಿ ಮೊದಲ ತಂಡಕ್ಕೆ ಬರುವ ಹೊತ್ತಿಗೆ ಆ ವೈಭವ ಗೋಡೆಯ ಮೇಲಿನ ಫೋಟೊ ಆಗಿತ್ತು. 1991–92ರಲ್ಲಿ ಅವರು ಬಂದರು, ಋತು ಮುಗಿಯುವಾಗ ತಂಡ ಕೆಳಗಿಳಿಯಿತು. ಇಪ್ಪತ್ತು ವರ್ಷದ ಮಿಡ್‌ಫೀಲ್ಡರ್‌ಗೆ ಸಿಕ್ಕ ಸ್ವಾಗತ ಇದು.

ಇನ್ನು ಆ ಎರಡನೇ ಡಿವಿಷನ್ ಎಂದರೇನು ಎಂಬುದನ್ನು ಸ್ವಲ್ಪ ಬಿಡಿಸಿ ಹೇಳಬೇಕು, ಏಕೆಂದರೆ ‘ಕೆಳ ಡಿವಿಷನ್’ ಎಂದ ಕೂಡಲೇ ನಮ್ಮ ಮನಸ್ಸಿನಲ್ಲಿ ಮೂಡುವುದು ಧೂಳಿನ ಮೈದಾನ, ಸೋತವರ ಗುಂಪು. 1993ರವರೆಗೆ ಅದು ಎರಡು ಗುಂಪುಗಳಾಗಿ ಹಂಚಿಹೋಗಿತ್ತು. ಆ ವರ್ಷದ ಸುಧಾರಣೆಯಲ್ಲಿ ಅದನ್ನು ಇಪ್ಪತ್ತೆರಡು ತಂಡಗಳ ಒಂದೇ ಗುಂಪನ್ನಾಗಿ ಮಾಡಿದರು. ಅಂದರೆ ಒಂದು ಋತುವಿಗೆ 42 ಲೀಗ್ ಪಂದ್ಯ, ಕಪ್ ಪಂದ್ಯಗಳು ಬೇರೆ. ಒಂದು ವಾರ ಗುನ್ಯೊಗೆ ಹೋಗಬೇಕು. ಜನಸಂಖ್ಯೆ ಹತ್ತು ಸಾವಿರ ಮುಟ್ಟದ, ಉಕ್ಕಿನ ಕಾರ್ಖಾನೆಯ ಸುತ್ತ ಬೆಳೆದ ಪಟ್ಟಣ ಅದು, ಅಲ್ಲಿನ ಆಟಗಾರರಿಗೆ ‘ಕಮ್ಮಾರರು’ ಎಂದೇ ಅಡ್ಡಹೆಸರು. ಇದೇ ಕಮ್ಮಾರರು ಎರಡನೇ ಡಿವಿಷನ್‌ನಲ್ಲಿದ್ದುಕೊಂಡೇ 2000ದಲ್ಲಿ ಲೀಗ್ ಕಪ್ ಫೈನಲ್‌ನಲ್ಲಿ ಪ್ಯಾರಿಸ್ ಸೇಂಟ್ ಜರ್ಮೈನ್ ತಂಡವನ್ನು 2–0ರಿಂದ ಸೋಲಿಸಿದರು. ಇನ್ನೊಂದು ವಾರ ಎದುರಾಳಿ ಮಾರ್ಸೇಯ್. ಹೌದು, 1993ರಲ್ಲಿ ಯುರೋಪಿಯನ್ ಚಾಂಪಿಯನ್ಸ್ ಲೀಗ್ ಗೆದ್ದ ಅದೇ ಮಾರ್ಸೇಯ್. ಎದುರಾಳಿ ಆಟಗಾರರಿಗೆ ಲಂಚ ಕೊಟ್ಟ ಹಗರಣದ ಶಿಕ್ಷೆಯಾಗಿ 1994ರಿಂದ ಎರಡು ಋತು ಅದು ಎರಡನೇ ಡಿವಿಷನ್‌ನಲ್ಲಿತ್ತು. ಮೊದಲ ಋತುವಿನಲ್ಲಿ ಅಗ್ರಸ್ಥಾನ ಪಡೆದರೂ ಹಣಕಾಸಿನ ದಿವಾಳಿಯಿಂದಾಗಿ ಬಡ್ತಿ ಸಿಗಲಿಲ್ಲ. ಫ್ರಾನ್ಸಿನಲ್ಲಿ ಅಂಕಪಟ್ಟಿಯ ಜೊತೆಗೆ ಲೆಕ್ಕಪುಸ್ತಕವನ್ನೂ ನೋಡುತ್ತಾರೆ, ಲೆಕ್ಕ ಸರಿಯಿಲ್ಲದ ಕ್ಲಬ್ಬನ್ನು ಮೈದಾನದಲ್ಲಿ ಗೆದ್ದರೂ ಕೆಳಗಿಳಿಸುತ್ತಾರೆ. ಈ ಪದ್ಧತಿಯನ್ನು ಬೇರೆಯವರೂ ಕಲಿತರೆ ಒಳ್ಳೆಯದಿತ್ತು ಎಂದು ನನಗೆ ಆಗಾಗ ಅನ್ನಿಸುವುದುಂಟು.

ಹೀಗೆ ಒಂದು ಕಡೆ ಕಮ್ಮಾರರು, ಇನ್ನೊಂದು ಕಡೆ ಶಿಕ್ಷೆ ಅನುಭವಿಸುತ್ತಿರುವ ದೊರೆಗಳು. ಇವರ ನಡುವೆ ಕುಶಲಿಯಾದ ಮಿಡ್‌ಫೀಲ್ಡರ್ ಬದುಕುಳಿಯುವುದು ಹೇಗೆ? ಮೊದಲ ಡಿವಿಷನ್‌ನಲ್ಲಿ ಎದುರಾಳಿ ನಿಮ್ಮ ಚಲನೆಯನ್ನು ಲೆಕ್ಕ ಹಾಕಿ ದಾರಿ ಮುಚ್ಚುತ್ತಾನೆ. ಎರಡನೆಯದರಲ್ಲಿ ಅಷ್ಟು ತಾಳ್ಮೆ ಇರುವುದಿಲ್ಲ, ಚೆಂಡು ಬಂದು ಸೇರುವ ಮುಂಚೆಯೇ ಹೆಗಲು ಬಂದು ಬಡಿಯುತ್ತದೆ. ಆದ್ದರಿಂದ ಚೆಂಡನ್ನು ಮೊದಲ ಸ್ಪರ್ಶದಲ್ಲೇ ಎದುರಾಳಿಯಿಂದ ದೂರದ ಕಾಲಿಗೆ ತೆಗೆದುಕೊಳ್ಳಬೇಕು, ಬೆನ್ನನ್ನು ಗೋಡೆಯಂತೆ ಮಾಡಿ ಚೆಂಡು ಮರೆಸಬೇಕು, ಅರ್ಧ ತಿರುಗಿ ನಿಂತು ಎರಡೂ ಕಡೆಗೆ ಹೊರಡುವ ಸಾಧ್ಯತೆ ಇಟ್ಟುಕೊಳ್ಳಬೇಕು. ಹಾಜಿ ಅವರ ಆಟ ನೋಡಿದವರಿಗೆ ಇದು ಕೂಡಲೇ ನೆನಪಾಗುತ್ತದೆ. ಉದ್ದ ಕೂದಲಿನ, ನೋಡಲು ನಾಜೂಕಾದ ಆ ಮನುಷ್ಯ ಡಿಫೆಂಡರ್‌ನ ಹೊಡೆತವನ್ನು ನಿರೀಕ್ಷಿಸಿಯೇ ಚೆಂಡು ಪಡೆಯುತ್ತಿದ್ದರು, ಆ ಹೊಡೆತದ ರಭಸವನ್ನೇ ಬಳಸಿಕೊಂಡು ತಿರುಗಿಬಿಡುತ್ತಿದ್ದರು. ಇದು ಅಭ್ಯಾಸದಿಂದ ಬರುವ ಚಾಳಿ, ವಾರಕ್ಕೊಮ್ಮೆಯಂತೆ ನಾಲ್ಕು ವರ್ಷ ಪೆಟ್ಟು ತಿಂದವರಿಗೆ ಮಾತ್ರ ಬರುವಂಥದ್ದು.

1994ರಲ್ಲಿ ನಾನ್ಸಿಗೆ ತರಬೇತುದಾರರಾಗಿ ಬಂದವರು ರೊಮೇನಿಯಾದ ಲಾಸ್ಲೊ ಬೊಲೊನಿ. ತಾವೂ ಮಿಡ್‌ಫೀಲ್ಡರ್ ಆಗಿದ್ದವರು, 1986ರಲ್ಲಿ ಸ್ಟೇವಾ ಬುಕಾರೆಸ್ಟ್ ತಂಡದೊಂದಿಗೆ ಯುರೋಪಿಯನ್ ಕಪ್ ಗೆದ್ದವರು. ಆ ಫೈನಲ್‌ನ ಪೆನಾಲ್ಟಿ ಶೂಟೌಟ್‌ನಲ್ಲಿ ತಮ್ಮ ಪೆನಾಲ್ಟಿಯನ್ನು ಕಳೆದುಕೊಂಡಿದ್ದರು ಎಂಬುದು ಬೇರೆ ಮಾತು. ಓದಿದ್ದು ದಂತವೈದ್ಯಕೀಯ. ಅವರ ಕೈಕೆಳಗೆ ನಾನ್ಸಿ 1995–96ರಲ್ಲಿ ಕಾಂ ಮತ್ತು ಮಾರ್ಸೇಯ್ ನಂತರ ಮೂರನೇ ಸ್ಥಾನ ಪಡೆದು ಮೊದಲ ಡಿವಿಷನ್‌ಗೆ ಮರಳಿತು. ಹಾಜಿ ಆ ಬಡ್ತಿಯನ್ನು ಗಳಿಸಿಕೊಟ್ಟು ಅದೇ ಬೇಸಿಗೆಯಲ್ಲಿ ಲಿಸ್ಬನ್‌ಗೆ ಹೊರಟುಹೋದರು. ಅವರಿಲ್ಲದ ನಾನ್ಸಿ ಮರುವರ್ಷವೇ ಮತ್ತೆ ಕೆಳಗಿಳಿಯಿತು. ಆ ಒಂದು ಸಂಗತಿಯೇ ಅವರ ತೂಕವೆಷ್ಟು ಎಂಬುದನ್ನು ಹೇಳುತ್ತದೆ ಎಂದು ವಾದಿಸುವ ಆಸೆ ನನಗಿದೆ, ಆದರೆ ಹನ್ನೊಂದು ಜನರ ಆಟದಲ್ಲಿ ಅಷ್ಟು ಸರಳವಾಗಿ ಲೆಕ್ಕ ಮುಗಿಯುವುದಿಲ್ಲ.

ಇನ್ನೊಂದು ಸಂಗತಿಯನ್ನು ಯಾರೂ ಎತ್ತಿ ಹೇಳುವುದಿಲ್ಲ. ಹಾಜಿ ತಮ್ಮ ಮೊದಲ ವಿಶ್ವಕಪ್‌ಗೆ ಹೋದದ್ದು 1994ರಲ್ಲಿ, ಅಂದರೆ ನಾನ್ಸಿ ಇನ್ನೂ ಎರಡನೇ ಡಿವಿಷನ್‌ನಲ್ಲಿ ಇದ್ದಾಗಲೇ. ಅಮೆರಿಕದಲ್ಲಿ ಮೊರಾಕ್ಕೊ ಮೂರಕ್ಕೆ ಮೂರೂ ಪಂದ್ಯ ಸೋತು ಮನೆಗೆ ಮರಳಿತು. ಹೇಳಿಕೊಳ್ಳುವಂಥ ಪ್ರವಾಸವಲ್ಲ. ಆದರೂ ಎರಡನೇ ಡಿವಿಷನ್ ‘ಅಜ್ಞಾತವಾಸ’ ಎನ್ನುವವರು ಇದಕ್ಕೆ ಉತ್ತರ ಹೇಳಬೇಕು, ಆಯ್ಕೆಗಾರರ ಕಣ್ಣಿಗೆ ಬಿದ್ದವರು ಅಜ್ಞಾತರಾಗಿರುವುದು ಹೇಗೆ?

ನಾಲ್ಕು ವರ್ಷಗಳ ನಂತರ ವಿಶ್ವಕಪ್ ಬಂದದ್ದು ಅವರು ಬೆಳೆದ ಫ್ರಾನ್ಸಿಗೇ. 1998ರ ಜೂನ್ 10, ಮೊಂಪೆಲಿಯೆ, ನಾರ್ವೆ ವಿರುದ್ಧ ಪಂದ್ಯ. ನಮ್ಮ ಗಡಿಯಾರದಲ್ಲಿ ರಾತ್ರಿ ಹನ್ನೆರಡೂವರೆ. ಹಾಸ್ಟೆಲ್‌ನ ಟಿವಿ ಕೋಣೆಯಲ್ಲಿ ಅದಕ್ಕೂ ಮೊದಲಿನ ಬ್ರೆಜಿಲ್ ಪಂದ್ಯಕ್ಕೆ ಕಿಕ್ಕಿರಿದಿದ್ದ ಜನ ಎದ್ದುಹೋಗಿ, ಉಳಿದವರು ನಾವು ಮೂವರು. ಮೊದಲಾರ್ಧದಲ್ಲಿ ಹಿಂದಿನಿಂದ ಬಂದ ಉದ್ದ ಪಾಸನ್ನು ಹಾಜಿ ಎಡಬದಿಯಲ್ಲಿ ಓಡುತ್ತಲೇ ಹಿಡಿದರು. ಎದುರಿಗೆ ನಾರ್ವೆಯ ಎತ್ತರದ ಡಿಫೆಂಡರ್. ಹಾಜಿ ವೇಗ ತಗ್ಗಿಸಿದರು, ಅವನು ಹಿಂದೆ ಹಿಂದೆ ಸರಿಯತೊಡಗಿದ, ಅಲ್ಲಿಗೇ ಅವನು ಅರ್ಧ ಸೋತಿದ್ದ. ಚೆಂಡಿನ ಮೇಲೆ ಕಾಲಾಡಿಸಿ ಅವನ ತೂಕವನ್ನು ತಪ್ಪು ಬದಿಗೆ ವಾಲಿಸಿ, ತೆರೆದುಕೊಂಡ ಸಂದಿನಿಂದ ಬಿಟ್ಟ ಹೊಡೆತ ಕೀಪರ್ ಗ್ರೋಡೋಸ್ ಅವರನ್ನು ದಾಟಿ ಬಲೆಗೆ ಹೋಯಿತು. ನಾವು ಮೂವರೂ ಕಿರುಚಿದ್ದಕ್ಕೆ ವಾರ್ಡನ್ ಎದ್ದು ಬಂದರು. ಪಂದ್ಯ 2–2ರಲ್ಲಿ ಮುಗಿಯಿತು. ಆ ಗೋಲನ್ನು ಅನಂತರ ಎಷ್ಟೋ ಸಲ ನೋಡಿದ್ದೇನೆ, ನೋಡಿದಾಗಲೆಲ್ಲ ನನ್ನ ಗಮನ ಹೋಗುವುದು ಹೊಡೆತಕ್ಕಿಂತ ಮುಂಚಿನ ಆ ಒಂದು ಕ್ಷಣದ ನಿಧಾನಕ್ಕೆ. ಅವಸರವಿಲ್ಲದ ಆ ನಿಲುವು ವಿಶ್ವಕಪ್‌ಗೆಂದು ಕಲಿತದ್ದಲ್ಲ.

ಮುಂದಿನದು ಸಂಕಟದ ಕಥೆ. ಬ್ರೆಜಿಲ್‌ಗೆ ಮೂರು ಗೋಲುಗಳಿಂದ ಸೋತ ಮೊರಾಕ್ಕೊ, ಕೊನೆಯ ಪಂದ್ಯದಲ್ಲಿ ಸ್ಕಾಟ್ಲೆಂಡನ್ನು ಸೇಂಟ್ ಎಟಿಯೆನ್‌ನಲ್ಲಿ 3–0ರಿಂದ ಮಣಿಸಿತು. ಅಷ್ಟರಲ್ಲಿ ಮಾರ್ಸೇಯ್‌ನಲ್ಲಿ ನಾರ್ವೆ ಕೊನೆಯ ನಿಮಿಷಗಳ ಪೆನಾಲ್ಟಿಯಿಂದ ಬ್ರೆಜಿಲ್ಲನ್ನೇ ಸೋಲಿಸಿಬಿಟ್ಟಿತ್ತು, ಅದರಿಂದ ಮೊರಾಕ್ಕೊ ಗೆದ್ದೂ ಹೊರಬಿತ್ತು. ಗೆದ್ದ ಆಟಗಾರರು ಸುದ್ದಿ ಕೇಳಿ ಮೈದಾನದಲ್ಲಿಯೇ ಅತ್ತರು. ಅದೇ ವರ್ಷದ ಫೆಬ್ರವರಿಯಲ್ಲಿ ಬುರ್ಕಿನಾ ಫಾಸೊದಲ್ಲಿ ನಡೆದ ಆಫ್ರಿಕಾ ಕಪ್‌ನಲ್ಲಿ, ಮುಂದೆ ಚಾಂಪಿಯನ್ ಆಗಲಿದ್ದ ಈಜಿಪ್ಟ್ ವಿರುದ್ಧ ಹಾಜಿ ಕೊನೆ ಗಳಿಗೆಯಲ್ಲಿ ಗಾಳಿಯಲ್ಲಿ ಹಿಂಬಾಗಿ ಒದ್ದು ಹೊಡೆದ ಗೋಲು ಪಂದ್ಯ ಗೆಲ್ಲಿಸಿತ್ತು. ಆ ವರ್ಷದ ಪ್ರಶಸ್ತಿ ಬೇರೆಯವರಿಗೆ ಹೋಗುವ ಪ್ರಶ್ನೆಯೇ ಇರಲಿಲ್ಲ.

ಆದರೆ ದೊಡ್ಡ ಕ್ಲಬ್ಬುಗಳಲ್ಲಿ ಅವರಿಗೆ ಜಾಗ ಭದ್ರವಾಗಲಿಲ್ಲ, ಇದನ್ನು ಅವರ ಅಭಿಮಾನಿಯಾಗಿಯೂ ಒಪ್ಪಿಕೊಳ್ಳುತ್ತೇನೆ. ಸ್ಪೋರ್ಟಿಂಗ್‌ನಲ್ಲಿ ಹೆಚ್ಚು ಕಾಲ ನಿಲ್ಲಲಿಲ್ಲ. ಸ್ಪೇನಿನ ಡಿಪೋರ್ಟಿವೊದಲ್ಲಿ ಅವರದೇ ಜಾಗದಲ್ಲಿ ಬ್ರೆಜಿಲ್‌ನ ಜಾಲ್ಮಿನ್ಯಾ ಇದ್ದರು; 1999ರಲ್ಲಿ ಹಾಜಿ ಹೊರಟರು, ಮರುವರ್ಷವೇ ಡಿಪೋರ್ಟಿವೊ ಸ್ಪೇನಿನ ಚಾಂಪಿಯನ್ ಆಯಿತು. ಅವರು ಮತ್ತೆ ಅರಳಿದ್ದು ಕವೆಂಟ್ರಿಯಲ್ಲಿ, ಪ್ರತಿ ವರ್ಷವೂ ಕೆಳಗಿಳಿಯುವ ಭಯದಲ್ಲಿಯೇ ಬದುಕುತ್ತಿದ್ದ ತಂಡದಲ್ಲಿ. ಅವರಿಗೂ ಅವರ ಜೊತೆಗಾರ ಯೂಸೆಫ್ ಶಿಪ್ಪೊ ಅವರಿಗೂ ಗೌರವವಾಗಿ ಅಲ್ಲಿನ ಪ್ರೇಕ್ಷಕರು ಕುಚ್ಚು ಇಳಿಬಿಟ್ಟ ಕೆಂಪು ಫೆಜ್ ಟೋಪಿ ತೊಟ್ಟು ಬರುತ್ತಿದ್ದರು. 2001ರ ಮೇ 5ರಂದು, ಉಳಿಯಬೇಕಾದರೆ ಗೆಲ್ಲಲೇಬೇಕಿದ್ದ ಪಂದ್ಯದಲ್ಲಿ, ಆಸ್ಟನ್ ವಿಲ್ಲಾ ಮೈದಾನದಲ್ಲಿ ಹಾಜಿ ಎರಡು ಗೋಲು ಹೊಡೆದು 2–0 ಮುನ್ನಡೆ ಕೊಟ್ಟರು. ಕೊನೆಯ ಅರ್ಧ ಗಂಟೆಯಲ್ಲಿ ವಿಲ್ಲಾ ಮೂರು ಗೋಲು ಹೊಡೆಯಿತು. 34 ವರ್ಷ ಮೊದಲ ಡಿವಿಷನ್‌ನಲ್ಲಿದ್ದ ಕವೆಂಟ್ರಿ ಅಂದು ಕೆಳಗಿಳಿಯಿತು. ಹಾಜಿ ಅವರನ್ನು ಆ ಬೇಸಿಗೆಯಲ್ಲಿ ಕೊಂಡುಕೊಂಡದ್ದು ಅದೇ ವಿಲ್ಲಾ. ಮುಳುಗುವ ತಂಡದಲ್ಲಿ ಆಡಿಯೂ ತಾನು ಮುಳುಗದಿರುವ ಕಲೆ ಅವರಿಗೆ ಮೊದಲೇ ಸಿದ್ಧಿಸಿತ್ತು. ಆದರೆ ವಿಲ್ಲಾದ ಬೆಂಚಿನಲ್ಲಿ ಆ ಕಲೆಗೆ ಕೆಲಸವಿರಲಿಲ್ಲ.

ಅವರ ತಮ್ಮ ಯೂಸುಫ್ ಹಾಜಿ ಸಹ ನಾನ್ಸಿಯಿಂದಲೇ ಬಂದವರು, ಅದೇ ಊರಿನಲ್ಲಿ ಹುಟ್ಟಿದವರು, ಮುಂದೆ ಮೊರಾಕ್ಕೊ ತಂಡಕ್ಕೂ ಆಡಿದರು. 2006ರಲ್ಲಿ ನಾನ್ಸಿ ಲೀಗ್ ಕಪ್ ಗೆದ್ದಾಗ ಅವರು ರೆನ್ ಕ್ಲಬ್ಬಿನಲ್ಲಿದ್ದರು, 2007ರಲ್ಲಿ ನಾನ್ಸಿಗೆ ಮರಳಿದರು. ಫ್ರಾನ್ಸಿನ ಕೆಳ ಡಿವಿಷನ್‌ಗಳಿಂದ ಮೇಲೆ ಬಂದವರ ಸಾಲು ಈಚೆಗೆ ಇನ್ನೂ ಉದ್ದವಾಗಿದೆ. ರಿಯಾದ್ ಮಹ್ರೆಜ್ ನಾಲ್ಕನೇ ಹಂತದ ಕ್ಯಾಂಪೇರ್‌ನಲ್ಲಿ ಆಡಿದವರು, ಎನ್‌ಗೋಲೊ ಕಾಂಟೆ ಮೂರನೇ ಹಂತದ ಬುಲೋನ್‌ನಲ್ಲಿ. 2022ರ ವಿಶ್ವಕಪ್ ಸೆಮಿಫೈನಲ್ ತಲುಪಿದ ಮೊರಾಕ್ಕೊ ತಂಡದ ನಾಯಕ ರೊಮಾನ್ ಸಾಯಿಸ್ ಹವ್ಯಾಸಿ ಮಟ್ಟದ ವಾಲೆನ್ಸ್ ಕ್ಲಬ್ಬಿನಿಂದ, ಎರಡನೇ ಡಿವಿಷನ್‌ನ ಕ್ಲೆರ್ಮಾಂಟ್ ಮೂಲಕ ಬಂದವರು. ಇವರ ಬಗ್ಗೆ ಬರೆಯುವಾಗಲೂ ಆ ವರ್ಷಗಳನ್ನು ಕಷ್ಟದ ದಿನಗಳ ಕಥೆಯಾಗಿ ಹೇಳುತ್ತೇವೆಯೇ ಹೊರತು, ಅಲ್ಲಿ ಏನು ಕಲಿತರು ಎಂದು ಕೇಳುವುದಿಲ್ಲ.

ಹಾಜಿ ಕೊನೆಗೆ ಬಂದು ಸೇರಿದ್ದು ತಮ್ಮ ಬಾಲ್ಯದ ನೆರೆಗೆ. 2005ರಲ್ಲಿ ಸೇರಿದ ಸಾರ್‌ಬ್ರುಕನ್, ಕ್ರೊಯ್ಟ್ಸ್‌ವಾಲ್ಡ್‌ನಿಂದ ಗಡಿ ದಾಟಿದರೆ ಸಿಗುವ ಊರು. ಅದಕ್ಕೆ ಹಿಂದಿನ ವರ್ಷ, 2004ರ ಏಪ್ರಿಲ್‌ನಲ್ಲಿ, ಕ್ರೊಯ್ಟ್ಸ್‌ವಾಲ್ಡ್‌ನ ಲಾ ಹೂವ್ ಗಣಿಯನ್ನು ಮುಚ್ಚಿದ್ದರು. ಅದು ಫ್ರಾನ್ಸಿನ ಕೊನೆಯ ಕಲ್ಲಿದ್ದಲು ಗಣಿ. 2007ರಲ್ಲಿ ಅವರು ಲಕ್ಸೆಂಬರ್ಗ್‌ನ ಎಶ್ ಪಟ್ಟಣದ ಫೋಲಾ ಕ್ಲಬ್ ಸೇರಿದರು. ಅದೂ ಫ್ರಾನ್ಸಿನ ಗಡಿಯಂಚಿನ ಊರೇ, ಕಬ್ಬಿಣದ ಅದಿರಿನ, ಉಕ್ಕಿನ ಊರು. ಮೈದಾನಕ್ಕೆ ಎಮಿಲ್ ಮೇರಿಶ್ ಎಂಬ ಉಕ್ಕಿನ ಉದ್ಯಮಿಯ ಹೆಸರಿಟ್ಟಿದ್ದಾರೆ. ಆಗ ಫೋಲಾ ಆ ಪುಟ್ಟ ದೇಶದ ಎರಡನೇ ಡಿವಿಷನ್‌ನಲ್ಲಿತ್ತು. 2008ರಲ್ಲಿ ಮೂವತ್ತಾರು ವರ್ಷದ ಹಾಜಿ ಅವರೊಂದಿಗೆ ಅದು ಮೊದಲ ಡಿವಿಷನ್‌ಗೆ ಬಡ್ತಿ ಪಡೆಯಿತು. ಈ ಬಾರಿ ಅವರು ತಂಡ ಬಿಟ್ಟು ಹೋಗಲಿಲ್ಲ, ಇನ್ನೂ ಎರಡು ವರ್ಷ ಅಲ್ಲೇ ಆಡಿದರು.