ಸ್ಟ್ಯಾಂಟನ್ ಸುಮ್ನೆ ನಿಂತರೂ ಸಾಕಿತ್ತು

ಅಮೆರಿಕದ ನಟ ಹ್ಯಾರಿ ಡೀನ್ ಸ್ಟ್ಯಾಂಟನ್ ಬಗ್ಗೆ ನೀವು ಬರೆದ ಲೇಖನ ಕನ್ನಡದಲ್ಲಿ ಓದಿ ತುಂಬಾ ಖುಷಿಯಾಯಿತು. ಆದರೆ ಅವರು ನಾಯಕನಾಗಿದ್ದು 'ಪ್ಯಾರಿಸ್, ಟೆಕ್ಸಾಸ್' ಸಿನಿಮಾ ಒಂದರಲ್ಲೇ ಅಂತ ಬರೆದಿದ್ದೀರಿ. 'ಲಕ್ಕಿ' ಬಿಟ್ಟುಹೋಗಿದೆ. ಆ ಸಿನಿಮಾ ಪೂರ್ತಿ ಅವರ ಹೆಗಲ ಮೇಲೇ ಇದೆ. ಅದು ಅಮೆರಿಕದ ಥಿಯೇಟರ್‌ಗಳಿಗೆ ಬರುವ ಎರಡು ವಾರ ಮುಂಚೆ, 2017ರ ಸೆಪ್ಟೆಂಬರ್‌ನಲ್ಲಿ, 91ನೇ ವಯಸ್ಸಿನಲ್ಲಿ ತೀರಿಕೊಂಡರು.

1950ರ ದಶಕದಿಂದ ಟೀವಿ ವೆಸ್ಟರ್ನ್‌ಗಳಲ್ಲಿ (ಕೌಬಾಯ್ ಕಥೆಗಳಲ್ಲಿ) ಚಿಕ್ಕಪುಟ್ಟ ಪಾತ್ರ ಮಾಡಿಕೊಂಡು ಬಂದವರಿಗೆ 'ಪ್ಯಾರಿಸ್, ಟೆಕ್ಸಾಸ್' ತೆರೆಗೆ ಬಂದಾಗ 57 ವರ್ಷ. ಅದರ ಕೊನೆಯ ಭಾಗದಲ್ಲಿ ಗಾಜಿನ ಆಚೆ ಇವರ ಪಾತ್ರದ ಹೆಂಡತಿ ಕೂತಿರುತ್ತಾಳೆ. ಇವರಿಗೆ ಅವಳು ಕಾಣುತ್ತಾಳೆ, ಅವಳಿಗೆ ಇವರು ಕಾಣುವುದಿಲ್ಲ. ಆದರೂ ಕುರ್ಚಿ ತಿರುಗಿಸಿ, ಅವಳಿಗೆ ಬೆನ್ನು ಹಾಕಿ, ಫೋನಿನಲ್ಲಿ ನಿಧಾನಕ್ಕೆ ತಮ್ಮಿಬ್ಬರ ಕಥೆ ಹೇಳುತ್ತಾರೆ. ದನಿ ಏರುವುದೇ ಇಲ್ಲ. ಅಷ್ಟು ಹೊತ್ತು ನೋಡುವವರನ್ನು ಹಾಗೆ ಹಿಡಿದಿಡುವುದು ಸಾಮಾನ್ಯ ಮಾತಲ್ಲ, ಅಲ್ವಾ?

1979ರ 'ಏಲಿಯನ್' ಸಿನಿಮಾದಲ್ಲೂ ಅಷ್ಟೇ, ಅದರಲ್ಲಿ ಇವರು ಅಂತರಿಕ್ಷ ನೌಕೆಯ ಕೆಲಸಗಾರ. ಬೆಕ್ಕು ಹುಡುಕಿಕೊಂಡು ಹೋಗಿ, ಮೇಲಿಂದ ತೊಟ್ಟಿಕ್ಕುವ ನೀರಿಗೆ ಮುಖ ಒಡ್ಡಿ ನಿಲ್ಲುತ್ತಾರೆ. ಒಂದೇ ಒಂದು ಮಾತಿಲ್ಲ. ದುಡಿದು ದಣಿದ ಮನುಷ್ಯ ಅಂತ ಗೊತ್ತಾಗಿಬಿಡುತ್ತದೆ. ಈ ದೃಶ್ಯದ ಬಗ್ಗೆಯೂ ದಯವಿಟ್ಟು ನಾಲ್ಕು ಸಾಲು ಸೇರಿಸಿ.